ಟವೆಲ್ಲಿನ ಕೆಳಗಿನ ದರ

ತಿಕೋಟಾದ ಎತ್ತಿನ ದಲಾಲಿ ಶಿವಲಿಂಗನ ಬೆರಳಿಗೆ ಇದ್ದಷ್ಟು ಮಾತು ಈ ಭೂಮಿಯ ಮೇಲೆ ಯಾವ ವಕೀಲನ ಬಾಯಿಗೂ ಇರಲಿಲ್ಲ. ಬಬಲೇಶ್ವರದ ಸಂತೆಯಲ್ಲಿ ಅವನು ಹೆಗಲ ಮೇಲಿನ ಟವೆಲ್ ಎಳೆದು ಎದುರಿನವನ ಅಂಗೈ ಮೇಲೆ ಹೊದಿಸಿದನೆಂದರೆ, ಅತ್ತ ಸೊಲ್ಲಾಪುರದಿಂದ ಇತ್ತ ಬಾಗಲಕೋಟೆಯವರೆಗೆ ಇದ್ದಬದ್ದ ಎತ್ತುಗಳೆಲ್ಲ ಮೆಲುಕು ಹಾಕುವುದನ್ನು ನಿಲ್ಲಿಸಿ ಕಿವಿ ನಿಮಿರಿಸುತ್ತಿದ್ದವು. ಬಾಯಿಂದ ಆಕಾಶದ ದರ ಕೂಗುವುದು, ಟವೆಲ್ಲಿನ ಕೆಳಗೆ ಭೂಮಿಯ ದರ ಹೇಳುವುದು: ಎದುರಿನವನ ಎಷ್ಟು ಬೆರಳು ಹಿಡಿದನೋ ಅಷ್ಟು. ಬಾಯಿಯದು ಸುತ್ತ ನಿಂತ ಮಂದಿಗೆ, ಬೆರಳಿನದು ಇಬ್ಬರಿಗೆ ಮಾತ್ರ. ಬಾಯಿ ಎಷ್ಟು ಸಲ ಬೇಕಾದರೂ ಸುಳ್ಳಾಡಬಹುದು, ಅದಕ್ಕೆ ಸಂತೆಯಲ್ಲಿ ಪಾಪವಿಲ್ಲ; ಹಿಡಿದ ಬೆರಳನ್ನು ಮಾತ್ರ ಬಿಟ್ಟು ಬೇರೆ ಹಿಡಿಯುವಂತಿಲ್ಲ. ಅಂಥ ಶಿವಲಿಂಗ ಇಂದು, ಹತ್ತು ಊರಿನ ಧೂಳು ಒಂದೇ ಊರಿನ ಮೇಲೆ ಎದ್ದ ಹೊತ್ತಿನಲ್ಲಿ, ಅಥಣಿ ಕಡೆಯ ವ್ಯಾಪಾರಿಯ ಕೈಯನ್ನು ಟವೆಲ್ಲಿನ ಕೆಳಗೆ ಹಿಡಿದು ನಿಂತು, ಮಸ್ಕತ್ತಿನಲ್ಲಿ ಮೊಸರಿನ ದರ ಏನೆಂದು ಯೋಚಿಸುತ್ತಿದ್ದ.

ಮೊಸರಿನ ದರ ಅವನಿಗೆ ಗೊತ್ತಿತ್ತು. ಮೊಸರಿನದಷ್ಟೇ ಅಲ್ಲ, ಉಳ್ಳಾಗಡ್ಡಿಯದು, ಕ್ಷೌರದ್ದು, ಕುಡಿಯುವ ನೀರಿನ ಕ್ಯಾನಿನದು, ಸಾಲಿಗೆ ಹೋಗುವ ಹುಡುಗರ ಬಸ್ಸಿನದು, ನಾಲ್ಕನೆಯ ಮಹಡಿಯ ಮೇಲಿನ ಎರಡು ಕೋಣೆಯ ಮನೆಯ ಬಾಡಿಗೆಯದು. ಮಸ್ಕತ್ತಿನಲ್ಲಿ ಹುಟ್ಟಿ ಮಸ್ಕತ್ತಿನಲ್ಲೇ ಮಣ್ಣಾದವರಿಗೂ ಆ ಊರಿನ ದರ ಇಷ್ಟು ಪಕ್ಕಾ ಗೊತ್ತಿರಲಿಕ್ಕಿಲ್ಲ. ಗೊತ್ತು ಮಾಡಿಕೊ ಎಂದು ಹೇಳಿದವಳು ಅವನ ಹೆಂಡತಿ ಸುಧಾರಾಣಿ. ವಿಜಯಪುರದ ಖಾಸಗಿ ಆಸ್ಪತ್ರೆಯೊಂದರಲ್ಲಿ ನರ್ಸ್ ಆಗಿದ್ದವಳಿಗೆ ಮಸ್ಕತ್ತಿನ ಆಸ್ಪತ್ರೆಯಿಂದ ಕರೆ ಬಂದಿತ್ತು. ಗಂಡನನ್ನೂ ಮಗಳನ್ನೂ ಕರೆತರುವುದಾದರೆ ತರಬಹುದು, ಆಗ ಮನೆಯ ಖರ್ಚು ನಿಮ್ಮದು. ಒಬ್ಬರೇ ಬರುವುದಾದರೆ ನರ್ಸುಗಳ ಕೋಣೆಯಲ್ಲಿ ಜಾಗ ನಮ್ಮದು. ಎರಡರಲ್ಲಿ ಯಾವುದೆಂದು ತಿಳಿಸಿ ಎಂದಿದ್ದರು. ಅವಳು ಪಾಳಿ ಮುಗಿಸಿ ಬಂದವಳು ಕಾಲಿಗೆ ನೀರು ಹಾಕಿಕೊಳ್ಳುತ್ತ, ಬಚ್ಚಲ ಬಾಗಿಲಲ್ಲೇ ನಿಂತು ಹೇಳಿದ್ದಳು:

"ದರಾ ಕೇಳೂದು ನಿಮ್ಮ ಕೆಲಸಾರಿ. ಇಲ್ಲಿ ನಮ್ಮಿಬ್ಬರ ಗಳಿಕಿ ಏನೈತಿ, ಖರ್ಚು ಏನೈತಿ, ಅಲ್ಲಿ ನನ್ನ ಪಗಾರದಾಗ ಮೂರು ಮಂದಿ ಹೆಂಗಿರಬೌದು, ಎರಡೂ ತೂಗಿ ನೋಡ್ರಿ. ಊರ ಮಂದಿ ಎತ್ತಿನ ದರಾ ಕಟ್ಟವ್ರಿಗಿ ಒಂದು ಸಂಸಾರದ ದರಾ ಕಟ್ಟಾಕ ಎಷ್ಟೊತ್ತು?"

ಆ ಮಾತಿಗೆ ಶಿವಲಿಂಗನ ಎದೆ ಗೋಳಗುಮ್ಮಟದಷ್ಟು ಉಬ್ಬಿ, ಒಳಗೆ ಅವಳ ಮಾತು ಏಳೇಳು ಸಲ ಮಾರ್ದನಿಸಿತು. ಅವನು ಮರುದಿನವೇ ರಿಯಾಜನಿಗೆ ಫೋನ್ ಹಚ್ಚಿದ. ರಿಯಾಜ ಎಂದರೆ ಸಂತೆಯ ಹಿರಿಯ ದಲಾಲಿ ದಾದಾಸಾಬನ ಮಗ, ಮಸ್ಕತ್ತಿನಲ್ಲಿ ನೀರಿನ ಟ್ಯಾಂಕರ್ ಓಡಿಸುವವನು. ಹೆಂಡತಿ ಗುಲಶನಳನ್ನು ಕಟ್ಟಿಕೊಂಡು ಅಲ್ಲೇ ಬೇರುಬಿಟ್ಟವನು. ಅವನು ವಿಡಿಯೋ ಹಚ್ಚಿ ಫೋನನ್ನು ಮುಂದಕ್ಕೆ ಹಿಡಿದುಕೊಂಡು ಒಂದು ಮೈಲು ಉದ್ದದ ಅಂಗಡಿಯೊಳಗೆ ಶಿವಲಿಂಗನನ್ನು ಅಡ್ಡಾಡಿಸಿದ. ಗಾಜಿನ ಕಪಾಟಿನೊಳಗಿನ ಬದನೆಕಾಯಿಗಳು ತಿಕೋಟಾದ ಬದನೆಕಾಯಿಗಳನ್ನು ದಿಟ್ಟಿಸಿ ನೋಡಿ ನಕ್ಕಂತಾಯಿತು. ಜೋಳದ ಹಿಟ್ಟು ಸಿಗುತ್ತದೆಯೇ ಎಂದರೆ ಅದೂ ಇತ್ತು, ಸ್ವಲ್ಪ ತುಟ್ಟಿ, ಅಷ್ಟೇ. ಶಿವಲಿಂಗ ಇಲ್ಲಿಯ ರೂಪಾಯಿಯನ್ನು ಅಲ್ಲಿಯ ರಿಯಾಲಿಗೆ ತಿರುಗಿಸಿ, ಅಲ್ಲಿಯ ಪಗಾರವನ್ನು ಇಲ್ಲಿಯ ಸಂತೆಗೆ ತಂದು ಸುರಿದು, ಉದ್ದಕ್ಕೆ ನೋಡಿದ, ಅಡ್ಡಕ್ಕೆ ನೋಡಿದ. ಯಾವ ಕಡೆಯಿಂದ ನೋಡಿದರೂ ಮಸ್ಕತ್ತಿನ ತಕ್ಕಡಿಯೇ ಕೆಳಗೆ ಕೂರುತ್ತಿತ್ತು. ಮೂರು ಜನ ಉಂಡು, ಉಟ್ಟು, ಮಗಳು ಲಕ್ಷ್ಮಿಯನ್ನು ಸಾಲಿಗೆ ಹಾಕಿ, ಇಲ್ಲಿರುವ ಅವ್ವ ಸಕ್ರವ್ವನಿಗೆ ಕಳಿಸಿ, ಇನ್ನೂ ಉಳಿಯುತ್ತಿತ್ತು. ಇಲ್ಲಿ ಅವರಿಬ್ಬರೂ ಬೆವರು ಸುರಿಸಿ ಉಳಿಸುವುದರ ನಾಲ್ಕು ಪಟ್ಟು ಉಳಿಯುತ್ತಿತ್ತು. ಹಾಗೆ ಉಳಿಯುತ್ತದೆ ಎಂದು ಗೊತ್ತಾದ ಕ್ಷಣದಲ್ಲಿ ಅವನ ಎದೆಯ ಗುಮ್ಮಟ ಸದ್ದಿಲ್ಲದೆ ಕುಸಿಯಿತು.

ಏಕೆಂದರೆ ಆ ಲೆಕ್ಕದೊಳಗೆ ಎಲ್ಲಿಯೂ ಎತ್ತು ಇರಲಿಲ್ಲ. ಬಾಡಿಗೆ ಇತ್ತು, ಬೆಳಕಿನ ಬಿಲ್ಲು ಇತ್ತು, ಮೊಸರು ಇತ್ತು, ಶಿವಲಿಂಗ ಇರಲಿಲ್ಲ. ಅವನು ನಾಲ್ಕನೆಯ ಮಹಡಿಯ ಆ ಎರಡು ಕೋಣೆಯೊಳಗೆ ತನ್ನನ್ನು ತಾನು ಕೂರಿಸಿ ನೋಡಿದ. ಕೈಯಲ್ಲಿ ಬೀಗದ ಕೈ, ಒಲೆಯ ಮೇಲೆ ಅನ್ನ, ಕಿಟಕಿಯ ಹೊರಗೆ ಬಿಳಿಯ ಬಿಸಿಲು; ಹೆಂಡತಿ ಬರುವ ಹಾದಿ ಕಾಯುತ್ತ ಕೂತ ಒಬ್ಬ ಗಂಡಸು. ಅಲ್ಲಿ ಯಾರ ಅಂಗೈ ಮೇಲೆ ಟವೆಲ್ ಹೊದಿಸುವುದು? ಅಲ್ಲಿ ದರವನ್ನೆಲ್ಲ ಚೀಟಿಯಲ್ಲಿ ಅಂಟಿಸಿಬಿಟ್ಟಿರುತ್ತಾರೆ, ಬದನೆಕಾಯಿಯ ಹಣೆಗೂ. ಇದೇ ಯೋಚನೆಯ ಸಂದಿಯಿಂದ ಆಸ್ಪತ್ರೆಯ ಕಾವಲುಗಾರ ತಲೆ ಹಾಕಿದ. ಅದು ಮಳೆಗಾಲದ ಮಾತು. ಸುಧಾರಾಣಿ ಮರೆತು ಹೋದ ಬುತ್ತಿಯನ್ನು ಬೆಳಿಗ್ಗೆ ಜೊತೆಗೇ ತಂದಿದ್ದ ಶಿವಲಿಂಗ ಸಂತೆಯಿಂದ ಹಾಗೇ ವಿಜಯಪುರಕ್ಕೆ ಹೋಗಿದ್ದ. ಕಾವಲುಗಾರ ಅವನ ಚಪ್ಪಲಿಗೆ ಮೆತ್ತಿದ ಸಗಣಿಯನ್ನು ನೋಡಿ, "ಡಬ್ಬಿ ಕೊಡವ್ರು ಹಿಂದಿನ ಬಾಗಲಕ್ಕ ಹೋಗ್ರಿ, ಇದು ಸಂಬಂಧಿಕರದು," ಎಂದಿದ್ದ. ಅವನು ಹಿಂದಿನ ಬಾಗಿಲಿಗೆ ಹೋದ. ಐದು ಜಿಲ್ಲೆಯ ಬಾಯಿ ಮುಚ್ಚಿಸಿದವನು, ಒಂದು ಮಾತು ಆಡದೆ, ಕಸದ ಡಬ್ಬಿಗಳ ನಡುವೆ ನಿಂತುಕೊಂಡ. ಸುಧಾರಾಣಿ ಹುಡುಕಿಕೊಂಡು ಬಂದು, "ಅಯ್ಯ, ಇಲ್ಯಾಕ ನಿಂತೀರಿ?" ಎಂದು ನಕ್ಕು, ಕೈ ಹಿಡಿದು, ಮುಂದಿನ ಬಾಗಿಲಿನಿಂದಲೇ ಒಳಗೆ ಕರೆದೊಯ್ದು ಎಲ್ಲರಿಗೂ ತೋರಿಸಿದಳು: ಇವರು ನಮ್ಮ ಮನಿಯವ್ರು. ಅವಳು ಕೈ ಹಿಡಿದದ್ದು ಅವನಿಗೆ ನೆನಪಿರಬೇಕಾಗಿತ್ತು. ಕಾವಲುಗಾರ ಬೆರಳು ಮಾಡಿ ತೋರಿಸಿದ ದಿಕ್ಕು ಮಾತ್ರ ನೆನಪಿತ್ತು.

ರಿಯಾಜನಿಗೆ ಫೋನ್ ಹಚ್ಚಿದ ದಿನದ ಸಂಜೆಯೇ ಊಟಕ್ಕೆ ಕೂತಾಗ ಅವನು ದರ ಹೇಳಿದ. ಶಿವಲಿಂಗ ದರ ಹೇಳುವುದೆಂದರೆ ಸುಮ್ಮನೆ ಮಾತಲ್ಲ. ಗೋಡೆಯ ಮೇಲಿನ ಹಲ್ಲಿಯೂ ಹುಳ ಹಿಡಿಯುವುದನ್ನು ಬಿಟ್ಟು ಕೇಳಬೇಕು. "ಬಾಡಿಗಿ ಅಂದ್ರ ಏನಂದುಕೊಂಡಿ? ಮೂರುನೂರು ರಿಯಾಲ! ಅದೂ ಕಿಡಕಿ ಇಲ್ಲದ ಕೋಲಿಗಿ. ಲಕ್ಷ್ಮಿ ಸಾಲೀಗಿ ನೂರೈವತ್ತು. ಅಲ್ಲಿಗೆ ನಿನ್ನ ಪಗಾರ ನುಂಗಿ ನೀರು ಕುಡದಂಗಾತು. ನೀರೂ ರೊಕ್ಕಾ ಕೊಟ್ಟ ಕುಡೀಬೇಕ ಮತ್ತ! ಜ್ವಾಳದ ಹಿಟ್ಟು ಬಂಗಾರದ ತಕ್ಕಡ್ಯಾಗ ತೂಗತಾರಂತ, ಒಂದ ಕಾಳು ಹೆಚ್ಚಾದ್ರ ಚಿಮಟಾ ಹಾಕಿ ತಗೀತಾರಂತ." ಬಾಡಿಗೆ ನೂರೈವತ್ತನ್ನು ದಾಟುವುದಿಲ್ಲ ಎಂದು ರಿಯಾಜ ಹೇಳಿದ್ದ. ಸಾಲಿಯದು ಶಿವಲಿಂಗ ಹೇಳಿದ್ದರ ಮೂರರಲ್ಲಿ ಒಂದು ಪಾಲೂ ಇರಲಿಲ್ಲ. ಹೇಳುತ್ತ ಹೇಳುತ್ತ ಶಿವಲಿಂಗನಿಗೆ ಹುರುಪು ಏರಿ, ಕ್ಷೌರಕ್ಕೂ ಉಳ್ಳಾಗಡ್ಡಿಗೂ ರೆಕ್ಕೆ ಕಟ್ಟಿ ಹಾರಿಸಿದ. ಅವ್ವ ಸಕ್ರವ್ವ ರೊಟ್ಟಿ ತಟ್ಟುವುದನ್ನು ನಿಲ್ಲಿಸಿ ಗಲ್ಲಕ್ಕೆ ಕೈ ಹಚ್ಚಿಕೊಂಡಳು. "ಯಪ್ಪಾ, ಅಲ್ಲಿ ಮಂದಿ ಏನ ತಿಂದು ಬದಕ್ಯಾರೋ? ಗಾಳಿ ನುಂಗತಾರೇನೋ?" ಎಂದಳು. ಲಕ್ಷ್ಮಿ ಕೇಕೆ ಹಾಕಿ ನಕ್ಕಳು. ಸುಧಾರಾಣಿ ನಗಲಿಲ್ಲ. ರೊಟ್ಟಿಯ ತುಣುಕನ್ನು ಪಲ್ಯದಲ್ಲಿ ಅದ್ದಿ, ಬಾಯಿಗೆ ಹಾಕಿಕೊಳ್ಳದೆ, ಅವನ ಮುಖವನ್ನೇ ನೋಡಿದಳು. ಬಹಳ ಹೊತ್ತು ನೋಡಿದಳು. ಸುಗ್ಗಿ ಬಂದು ಹೋಗುವಷ್ಟು ಹೊತ್ತು ನೋಡಿದಳು.

ಅವನು ಕಾದ. ಮೊದಲ ದರ ದರವೇ ಅಲ್ಲ ಎಂಬುದು ಸಂತೆಯಲ್ಲಿ ಹುಟ್ಟಿದ ಕರುವಿಗೂ ಗೊತ್ತು. ಮೊದಲ ದರ ಎಂದರೆ ಬಾಗಿಲು ಬಡಿದ ಸದ್ದು. ಒಳಗಿನವರು ಯಾರದು ಎಂದು ಕೇಳಬೇಕು, ಆಮೇಲೆ ಮಾತು. ಅವಳು ಜಗಳ ತೆಗೆಯುತ್ತಾಳೆ, "ಏನ್ರೀ, ಇಷ್ಟು ಎಲ್ಲಿ ಇರತೈತಿ, ಇಳೀರಿ ಸ್ವಲ್ಪ," ಅನ್ನುತ್ತಾಳೆ. ನಾನು ಇಳಿಯುತ್ತೇನೆ. ಇಳಿಯುತ್ತ ಇಳಿಯುತ್ತ, ಎಲ್ಲೋ ಒಂದು ಮೆಟ್ಟಿಲ ಮೇಲೆ ನಿಂತು, ಮನಸ್ಸಿನೊಳಗಿನ ಇನ್ನೇನನ್ನೋ ಹೇಳಿಬಿಡುತ್ತೇನೆ: ನನಗೆ ಅಂಜಿಕೆ ಆಗುತ್ತದೆ ಎಂದೋ, ಅಲ್ಲಿ ನನ್ನನ್ನು ಹಿಂದಿನ ಬಾಗಿಲಿಗೆ ಕಳಿಸಿದರೆ ನೀನು ಹುಡುಕಿಕೊಂಡು ಬರುತ್ತೀಯಾ ಎಂದೋ. ಅದಕ್ಕೆ ಅವಳು ನಕ್ಕು ಕೈ ಹಿಡಿದರೆ ಆಯಿತು, ಸಮುದ್ರ ದಾಟುವುದೇನು, ಕುಡಿದೇ ಬಿಡುತ್ತೇನೆ. ಹೀಗೆಲ್ಲ ಅಂದುಕೊಂಡು ಅವನು ಅವಳ ಬಾಯಿಯನ್ನೇ ನೋಡುತ್ತ ಕೂತ. ಅವಳು ಕೊನೆಗೆ, "ಹೌದಾ," ಎಂದಳು. ತುಣುಕನ್ನು ಬಾಯಿಗೆ ಹಾಕಿಕೊಂಡಳು. ಮರುದಿನ ಕಾದ. ಅದರ ಮರುದಿನವೂ ಕಾದ. ಅವಳು ಪಾಳಿಗೆ ಹೋದಳು, ಬಂದಳು, ಮಗಳ ತಲೆ ಬಾಚಿದಳು, ಒಂದು ಸಲವೂ ದರದ ಮಾತು ಎತ್ತಲಿಲ್ಲ. ವಾರ ಕಳೆದ ಮೇಲೆ ಒಂದು ಬೆಳಿಗ್ಗೆ, ಬಸ್ಸಿಗೆ ಹೊರಟವಳು, ಚಪ್ಪಲಿ ಮೆಟ್ಟಿಕೊಳ್ಳುತ್ತ ಹೇಳಿದಳು: "ನಾ ಒಬ್ಬಾಕೇನ ಬರ್ತೀನಂತ ತಿಳಿಸಿ ಸಹಿ ಮಾಡಿ ಕಳಿಸೀನ್ರಿ. ಅಷ್ಟು ತುಟ್ಟಿ ಊರಾಗ ಮೂರು ಮಂದಿ ಇರಾಕ ಆಗೂದಿಲ್ಲಲ್ಲ." ಮತ್ತು ಬಸ್ಸು ಹಾರ್ನ್ ಹೊಡೆಯಿತೆಂದು ಓಡಿಹೋದಳು. ಲಕ್ಷ್ಮಿಯ ರಿಬ್ಬನ್ನಿನ ಒಂದು ಎಳೆ ಅವಳ ಬ್ಯಾಗಿನ ಝಿಪ್ಪಿಗೆ ಸಿಕ್ಕಿಕೊಂಡು ಜೊತೆಗೇ ಹೋಯಿತು.

"ಏನೋ ದಲಾಲಿ, ನಿದ್ದಿ ಹತ್ತೇತೇನು?" ಎಂದ ಅಥಣಿಯ ವ್ಯಾಪಾರಿ. ಶಿವಲಿಂಗ ಬೆಚ್ಚಿದ. ಎದುರಿಗೆ ಕನಮಡಿಯ ಶಂಕರೆಪ್ಪನ ಜೋಡಿ ಎತ್ತುಗಳು, ಬೆಳದಿಂಗಳನ್ನು ಕಡೆದು ನಿಲ್ಲಿಸಿದಂಥವು. ಶಂಕರೆಪ್ಪ ನಾಲ್ಕು ಬೆರಳಿಗಿಂತ ಒಂದು ಕೂದಲೂ ಕೆಳಗೆ ಇಳಿಯುವುದಿಲ್ಲ ಎಂದು ಮೊದಲೇ ಅವನ ಕಿವಿಯಲ್ಲಿ ಹೇಳಿ, ಎತ್ತುಗಳ ಮಧ್ಯೆ ನಿಂತಿದ್ದ. ಟವೆಲ್ಲಿನ ಕೆಳಗೆ ವ್ಯಾಪಾರಿಯ ಕೈ ಬೆವರುತ್ತಿತ್ತು. ಹಿಡಿಯಬೇಕಾದದ್ದು ನಾಲ್ಕು ಬೆರಳು. ಶಿವಲಿಂಗನ ತಲೆಯೊಳಗೆ ಆ ಹೊತ್ತಿಗೆ ಇದ್ದದ್ದು ಮೂರು ಜನ: ಅವಳು, ಲಕ್ಷ್ಮಿ, ತಾನು. ಅವನ ಕೈ ತಾನೇ ತಾನಾಗಿ ಹೋಗಿ ಮೂರು ಬೆರಳು ಹಿಡಿಯಿತು. ಹಿಡಿದ ಕೂಡಲೆ ವ್ಯಾಪಾರಿ, ಸಿಕ್ಕಿದ್ದೇ ಸಿಕ್ಕಿತೆಂದು, ಅವನ ಅಂಗೈಯನ್ನು ಗಟ್ಟಿಯಾಗಿ ಒತ್ತಿ ತಾನೇ ಟವೆಲ್ ಎಳೆದು ಹಾಕಿದ. ವ್ಯವಹಾರ ಮುಗಿಯಿತು.

"ಎಷ್ಟಕ್ಕೋ?" ಎಂದ ಶಂಕರೆಪ್ಪ.

ಶಿವಲಿಂಗ ಹೇಳಿದ. ಶಂಕರೆಪ್ಪ ಮೊದಲು ನಕ್ಕ, ಚೇಷ್ಟೆ ಎಂದುಕೊಂಡು. ಆಮೇಲೆ ಅವನ ಮುಖದಿಂದ ನಗೆ ಒಂದೊಂದೇ ಗೆರೆಯಾಗಿ ಇಳಿದುಹೋಯಿತು. "ಲೇ ಶಿವ್ಯಾ, ನಿನ್ನ ಮ್ಯಾಲೆ ನಂಬಿಗಿ ಇಟ್ಟು ಬಾಯಿ ಮುಚಗೊಂಡು ನಿಂತಿದ್ದೆನಲ್ಲೋ! ನಿನಗ ಕೈಯಾಗ ಏನಾಗೇತಿ?" ಸುತ್ತಲೂ ಮಂದಿ ನೆರೆಯಿತು, ನಾಲ್ಕು ತಾಲೂಕಿನ ಮಂದಿ, ಅಥವಾ ಅವನಿಗೆ ಹಾಗೆ ಕಂಡಿತು. ಯಾರೋ ಹಿಂದಿನಿಂದ, "ಹೆಂಡ್ತಿ ಮಸ್ಕತ್ತಿಗಿ ಹೊಂಟಾಳಲ್ಲ, ಇನ್ನ ಈ ಚಿಲ್ಲರ ಲೆಕ್ಕಾ ಯಾಕ ಬೇಕು ಅವಂಗ," ಎಂದರು. ಎಲ್ಲರೂ ನಕ್ಕರು. ಶಿವಲಿಂಗನೂ ನಗಲು ನೋಡಿದ, ಬಾಯಿ ಕೇಳಲಿಲ್ಲ. ತನ್ನ ದಲಾಲಿಯ ಹಣ ಬೇಡವೆಂದ, ಮುಂದಿನ ಸಂತೆಯದನ್ನೂ ಸೇರಿಸಿ ತುಂಬಿಕೊಡುತ್ತೇನೆ ಎಂದ. ಶಂಕರೆಪ್ಪ ಅವನ ಕಡೆ ನೋಡಲಿಲ್ಲ. ಎತ್ತುಗಳ ಕೊರಳಿನ ಗಂಟೆ ಬಿಚ್ಚಿಕೊಂಡು, ಅವುಗಳ ಹಣೆ ಸವರಿ, ಹಗ್ಗವನ್ನು ವ್ಯಾಪಾರಿಯ ಕೈಗೆ ಕೊಟ್ಟು, ಹಿಂದಿರುಗಿ ನೋಡದೆ ನಡೆದ. ಗಂಟೆ ಅವನ ಜೇಬಿನೊಳಗೆ ಕಿಣಿಕಿಣಿ ಎನ್ನುತ್ತ ದೂರವಾಯಿತು.

ದಾದಾಸಾಬ ಶಿವಲಿಂಗನ ರಟ್ಟೆ ಹಿಡಿದು ಚಹಾದ ಅಂಗಡಿಗೆ ಕರೆದೊಯ್ದು ಕೂರಿಸಿದ. ಅವನು ಮುದುಕ; ಮದುವೆಯ ಮಾತಿಗೂ ಟವೆಲ್ ಹೊದಿಸಿದವನು ಎಂದು ಜನ ನಗೆಯಾಡುತ್ತಿದ್ದರು. ಬಸಿಯಲ್ಲಿ ಚಹಾ ಸುರಿದುಕೊಂಡು, ಊದಿ, ಒಂದು ಗುಟುಕು ಎಳೆದು ಹೇಳಿದ:

"ನಿನ್ನ ಕಾಲಾಗ ನಮ್ಮ ಗುಲಶನ ಎರಡು ದಿನಾ ಊಟಾ ಬಿಟ್ಟಾಳಂತೋ."

"ನಾ ಏನ ಮಾಡೀನಿ ಕಾಕಾ?"

"ತಮ್ಮ ಎದುರಿನ ಮನಿ ಖಾಲಿ ಆಗಿತ್ತಂತ. ನೀವು ಮೂರೂ ಮಂದಿ ಬರ್ತೀರಂತ ಅದರ ಮಾಲಕರಿಗಿ ಹೇಳಿ ಹಿಡದ ಇಟ್ಟಿದ್ಲಂತ. ಅಡಗಿಮನಿ ಕಿಡಕಿ ಎದರ ಬದರ ಅದಾವು, ಕೈ ಚಾಚಿ ಪಲ್ಯಾ ಕೊಡಬೌದು ಅಂತಿದ್ಲು. ನಿನ್ನ ಹೆಂಡ್ತಿಗಿ ಬಾಡಿಗಿ, ಸಾಲಿ, ಎಲ್ಲಾ ಬಿಡಿಸಿ ಬಿಡಿಸಿ ಹೇಳಿದ್ಲಂತ. ಆಕಿ ಬರೂದಿಲ್ಲಂದ್ಲಂತ. ಯಾಕೋ ಶಿವಲಿಂಗ?"

ಶಿವಲಿಂಗ ಬಸಿಯನ್ನು ಕೆಳಗೆ ಕುಕ್ಕಿದ; ಚಹಾ ಚೆಲ್ಲಿ ಹೆಗಲಿಂದ ಜೋತ ಟವೆಲ್ಲಿಗೆ ಹತ್ತಿತು. "ಯಾವಾಗ ಹೇಳಿದ್ಲಂತ ಕಾಕಾ?"

"ನೀ ರಿಯಾಜಗ ಫೋನ್ ಹಚ್ಚಿದ್ದೆಲ್ಲ, ಅವತ್ತ. ಅವ ಹಿಂಗ ಫೋನ್ ಇಟ್ಟ, ಇವಳು ಹಂಗ ನಿನ್ನ ಹೆಂಡ್ತಿಗಿ ಹಚ್ಚಿದ್ಲು. ಹೆಣ್ಮಕ್ಕಳಿಗಿ ತಡ್ಯಾಕ ಆಕ್ಕೈತೇನೋ?"

ಬಬಲೇಶ್ವರದಿಂದ ವಿಜಯಪುರಕ್ಕೆ ಹೋಗುವ ಜೀಪು ಮೂವತ್ತು ಜನರನ್ನು ಒಳಗೆ, ಮೂವತ್ತು ಜನರನ್ನು ಹೊರಗೆ, ಉಳಿದ ಲೋಕವನ್ನೆಲ್ಲ ತನ್ನ ತಲೆಯ ಮೇಲೆ ಕೂರಿಸಿಕೊಂಡು ಹೊರಡುತ್ತದೆ. ಶಿವಲಿಂಗ ಅದರ ಹಿಂದಿನ ಮೆಟ್ಟಿಲಿಗೆ ಜೋತುಬಿದ್ದು ನಿಂತ. ಸುಧಾರಾಣಿ ಅವತ್ತು ಊಟಕ್ಕೆ ಕೂಡುವ ಮೊದಲೇ ತಿಳಿದುಕೊಂಡು ಕೂತಿದ್ದಳು. ಅವನು ಕ್ಷೌರಕ್ಕೆ, ಉಳ್ಳಾಗಡ್ಡಿಗೆ ರೆಕ್ಕೆ ಕಟ್ಟುವಾಗ ಅವಳಿಗೆ ಪ್ರತಿಯೊಂದರ ನಿಜವಾದ ತೂಕ ಗೊತ್ತಿತ್ತು. ಹಾಗಿದ್ದೂ "ಹೌದಾ" ಎಂದಳು. ಯಾಕೆ? ಎರಡೂ ಬದಿಗೆ ಕರಿಯ ನೆಲ, ಕಡಲೆಯ ಹೊಲ, ದ್ರಾಕ್ಷಿಯ ತೋಟದ ಕಲ್ಲುಕಂಬಗಳು ಹಿಂದಕ್ಕೆ ಓಡುತ್ತಿದ್ದವು. ಮದುವೆಯಾದ ಹೊಸದರಲ್ಲಿ ಅವನು ಅವಳಿಗೆ ಬೆರಳಿನ ಮಾತು ಕಲಿಸಿದ್ದ. ಮಾಳಿಗೆಯ ಮೇಲೆ ಹಪ್ಪಳ ಒಣಗಲು ಹಾಕಿ ಕಾಯುತ್ತ ಕೂತವಳ ಕೈಮೇಲೆ ಟವೆಲ್ ಹೊದಿಸಿ, "ಮಕ್ಕಳು ಎಷ್ಟು?" ಎಂದು ಕೇಳಿದ್ದ. ಅವಳು ಅವನ ಐದೂ ಬೆರಳು ಹಿಡಿದಿದ್ದಳು. ಅವನು ಹೌಹಾರಿ ಹಪ್ಪಳದ ಮೇಲೆ ಕಾಲಿಟ್ಟ. ಅವಳು ನಕ್ಕ ನಗೆಗೆ ಕಾಗೆಗಳೆಲ್ಲ ಎದ್ದು ಹಾರಿಹೋದವು. ಅದೇ ದಿನ ಇನ್ನೂ ಒಂದು ಹೇಳಿಕೊಟ್ಟಿದ್ದ, ದೊಡ್ಡ ಗುರುವಿನ ಹಾಗೆ ಮೀಸೆ ತಿರುವಿ: ಎದುರಿನವ ಮೊದಲನೇ ದರಾ ಹೇಳಿದಾಗ ತುಟಿ ಬಿಚ್ಚಬ್ಯಾಡ. ಜಗಳಾ ತಗದಿ ಅಂದ್ರ ಆ ದರಕ್ಕ ಮರ್ಯಾದಿ ಕೊಟ್ಟಂಗ. ಸುಮ್ಮನ ಮುಖಾ ನೋಡಕೋತ ನಿಂದ್ರು. ಅವಗ ಮಾರೂ ಮನಸ್ಸಿದ್ರ ತಾನಾ ಇಳೀತಾನ. ಜೀಪು ಒಂದು ತಗ್ಗಿಗೆ ಇಳಿದು ಮೇಲೆದ್ದಿತು. ಶಿವಲಿಂಗನ ಕೈ ಸರಳಿನಿಂದ ಜಾರಿತು. ಪಕ್ಕದವನು ಅಂಗಿಯ ಕಾಲರ್ ಹಿಡಿದು ನಿಲ್ಲಿಸಿದ. "ಸಾಯಾಕ ಹೊಂಟೀಯೇನೋ ಮಾರಾಯಾ?" ಎಂದು ಬೈದ.

ಆಸ್ಪತ್ರೆಯ ಮುಂದೆ ಅದೇ ಕಾವಲುಗಾರ ಇದ್ದ. ಈ ಸಲ ಚಪ್ಪಲಿಗೆ ಸಗಣಿ ಹೋದ ಸಲದ ದುಪ್ಪಟ್ಟು ಮೆತ್ತಿತ್ತು. ಶಿವಲಿಂಗ ಯಾರೂ ಹೇಳದೆಯೇ ಹಿಂದಿನ ಬಾಗಿಲಿಗೆ ನಡೆದ. ನಡೆದ ಮೇಲೆ ಗೊತ್ತಾಯಿತು, ಅವಳು ಹೊರಗೆ ಬರುವುದು ಮುಂದಿನ ಬಾಗಿಲಿನಿಂದ ಎಂದು. ಮತ್ತೆ ಮುಂದಕ್ಕೆ ಓಡಿದ. ಸುಧಾರಾಣಿ ಬಿಳಿಯ ಬಟ್ಟೆ ಬದಲಿಸಿ, ಹೆಗಲಿಗೆ ಬ್ಯಾಗು ಹಾಕಿಕೊಂಡು ಮೆಟ್ಟಿಲು ಇಳಿಯುತ್ತಿದ್ದಳು. ಅವನನ್ನು ನೋಡಿ ಅವಳ ಹೆಜ್ಜೆ ತಪ್ಪಿತು. "ಲಕ್ಷ್ಮಿ ಆರಾಮ ಅದಾಳಿಲ್ಲರಿ?" ಎಂದಳು ಮೊದಲು. ಆರಾಮ ಇದ್ದಾಳೆ ಎಂದ. "ಅತ್ತಿ?" ಅವರೂ ಆರಾಮ ಎಂದ. ಇನ್ನು ಯಾರ ಕ್ಷೇಮ ಕೇಳಬೇಕೋ ತಿಳಿಯದೆ ಅವಳು ಬಸ್ ನಿಲ್ದಾಣದ ಕಡೆ ನಡೆದಳು. ಅವನು ಪಕ್ಕದಲ್ಲಿ ನಡೆದ. ಅವಳ ಬ್ಯಾಗಿನ ಝಿಪ್ಪಿನಲ್ಲಿ ಮಗಳ ರಿಬ್ಬನ್ನಿನ ಎಳೆ ಇನ್ನೂ ಇತ್ತು, ಬಿಡಿಸಿರಲಿಲ್ಲ.

ತಿಕೋಟಾದ ಬಸ್ಸಿನಲ್ಲಿ ಹಿಂದಿನ ಸೀಟು ಸಿಕ್ಕಿತು. ಕಂಡಕ್ಟರ್ ಅವಳ ಆಧಾರ್ ಕಾರ್ಡು ನೋಡಿ ಹೆಂಗಸರ ಬಿಟ್ಟಿ ಚೀಟಿ ಹರಿದು ಕೊಟ್ಟು, ಅವನ ಕಡೆ ತಿರುಗಿ, "ನೀವು ರೊಕ್ಕಾ ಕೊಟ್ಟ ಬರಬೇಕ್ರಿ ಯಜಮಾನ್ರ," ಎಂದು ಕಣ್ಣು ಮಿಟುಕಿಸಿದ. ಬೇರೆ ದಿನವಾಗಿದ್ದರೆ ಶಿವಲಿಂಗ ಅದಕ್ಕೆ ಇಡೀ ಬಸ್ಸು ನಗುವಂಥ ಉತ್ತರ ಕೊಡುತ್ತಿದ್ದ. ಚಿಲ್ಲರೆ ಎಣಿಸಿ ಕೊಟ್ಟ. ಬಸ್ಸು ಊರು ದಾಟಿ ಇಟ್ಟಂಗಿಹಾಳದ ಕಡೆಯ ಬಯಲಿಗೆ ಬಂದ ಮೇಲೆ ಬಾಯಿ ತೆರೆದ.

"ನಾ ಹೇಳಿದ್ದು ಸುಳ್ಳ ದರಾ."

"ಗೊತ್ತೈತ್ರಿ."

"ಗೊತ್ತಿದ್ರ ಯಾಕ ಸುಮ್ಮನಿದ್ದಿ? ಒಂದ ಮಾತು ಕೇಳಬಾರದಾಗಿತ್ತಾ? ಬೈಬಾರದಾಗಿತ್ತಾ?"

ಅವಳು ಕಿಟಕಿಯ ಕಡೆ ನೋಡುತ್ತಿದ್ದಳು. "ನೀವ ಕಲಿಸಿದ್ರಿ. ಮೊದಲನೇ ದರಕ್ಕ ತುಟಿ ಬಿಚ್ಚಬಾರದು, ಮನಸ್ಸಿದ್ರ ತಾವಾ ಇಳೀತಾರಂತ. ನಾ ಸುಮ್ಮನ ನಿಮ್ಮ ಮುಖಾ ನೋಡಿದೆ. ಒಂದ ವಾರ ನೋಡೀನ್ರಿ. ಇವತ್ತ ಇಳೀತಾರ, ನಾಳಿ ಇಳೀತಾರಂತ. ಆಸ್ಪತ್ರ್ಯಾವ್ರು ಎರಡ ಸಲ ಕೇಳಿದ್ರು, ಇನ್ನೊಂದ ದಿನಾ ತಡೀರಿ ಅಂದೆ. ನೀವು ಇಳೀಲಿಲ್ಲ."

"ನೀ ಕೇಳತೀ ಅಂತ ನಾ ಕಾಯಾಕತ್ತಿದ್ದೆ, ಸುಧಾ."

ಅವಳು ತಟ್ಟನೆ ತಿರುಗಿದಳು. ಆ ಮುಖವನ್ನು ಶಿವಲಿಂಗ ಎಂದೂ ನೋಡಿರಲಿಲ್ಲ; ಅದರ ಮೇಲೆ ಒಂದು ಕ್ಷಣ ನಗೆ ಬರಲು ನೋಡಿ, ದಾರಿ ತಪ್ಪಿ, ಕಣ್ಣಿಗೆ ಹೋಯಿತು. "ಬರೂ ಮನಸ್ಸಿಲ್ಲಂತ ತಿಳಕೊಂಡ್ನಿರಿ ನಾ," ಎಂದಳು. "ಬರೂದಿಲ್ಲಂತ ಹೇಳಾಕ ನಾಚಿಕಿ, ಅದಕ್ಕ ಮುಗಲೆತ್ತರದ ದರಾ ಹೇಳ್ಯಾರಂತ ತಿಳಕೊಂಡೆ. ಮಾರೂ ಮನಸ್ಸಿಲ್ಲದವ್ರು ಹಂಗ ಹೇಳತಾರಲ್ರಿ ಸಂತ್ಯಾಗ?"

ಹೌದು, ಹಾಗೆಯೇ ಹೇಳುತ್ತಾರೆ. ಅದನ್ನೂ ಅವನೇ ಕಲಿಸಿದ್ದ.

"ಈಗ ಹೇಳು ಅವರಿಗಿ. ಮೂರು ಮಂದಿ ಬರ್ತೀವಂತ ಹೇಳು. ಗುಲಶನಳ ಎದರ ಮನಿ..."

"ಎರಡ ವರ್ಷ ಬದಲಿ ಮಾಡಾಕ ಬರೂದಿಲ್ರಿ. ನರ್ಸಗೋಳ ಕೋಲ್ಯಾಗ ನನ್ನ ಹೆಸರಿಗಿ ಪಲ್ಲಂಗ ಬರದಾರ. ಆ ಮನಿಗೆ ಬ್ಯಾರೇದವ್ರು ಬಂದ್ರಂತ." ಅವಳು ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. ಆಮೇಲೆ ಬಹಳ ಸಣ್ಣ ದನಿಯಲ್ಲಿ, "ಬದಲಿ ಮಾಡಾಕ ಬಂದಿದ್ರೂ," ಎಂದಳು, "ನೀವು ಹೇಳೂದರಾಗ ಯಾವುದು ಬಾಯಿದು, ಯಾವುದು ಬೆರಳಿಂದು ಅಂತ ನಾ ಅಲ್ಲಿ ದಿನಾ ಹುಡುಕ್ಕೋತ ಇರಬೇಕಾಕ್ಕಿತ್ತು. ಇಲ್ಲಿ ಅತ್ತಿ ಇದ್ರು, ನಗತಿದ್ವಿ. ಅಲ್ಲಿ ಒಬ್ಬಾಕೀಗಿ ಆಗತಿರಲಿಲ್ಲರಿ."

"ನೀ ಹೋದ್ರ ನಾ ಸತ್ತ ಹೋಗತೀನಿ ಸುಧಾ."

ಅವಳು ಅವನನ್ನು ನೋಡಿದಳು. ಅದೇ ನೋಟ, ರೊಟ್ಟಿಯ ತುಣುಕನ್ನು ಕೈಯಲ್ಲಿ ಹಿಡಿದಿದ್ದಾಗಿನ ನೋಟ. ಅವಳು ಆ ಮಾತನ್ನು ತೂಗುತ್ತಿದ್ದಾಳೆಂದು ಶಿವಲಿಂಗನಿಗೆ ಕಂಡಿತು. ಅರ್ಧ ತೆಗೆದು ನೋಡುತ್ತಿದ್ದಾಳೆ. ಅರ್ಧದಲ್ಲಿ ಅರ್ಧ ತೆಗೆಯುತ್ತಿದ್ದಾಳೆ. ಇಷ್ಟು ವರ್ಷ ಅವನು ಹೇಳಿದ್ದನ್ನೆಲ್ಲ ಅವಳು ಹೀಗೇ ತೂಗಿ ಉಳಿದದ್ದನ್ನು ಎತ್ತಿಟ್ಟುಕೊಂಡು ಬಾಳಿದ್ದಳು. ನಿನ್ನಂಥಾಕಿ ಮೂರು ಲೋಕದಾಗಿಲ್ಲ ಎಂದದ್ದನ್ನೂ, ನಿನ್ನ ಸಲುವಾಗಿ ಜೀವಾ ಕೊಡತೀನಿ ಎಂದದ್ದನ್ನೂ. ಈಗ ಹೇಳಿದ್ದರಲ್ಲಿ ಕಳೆಯಲು ಏನೂ ಇರಲಿಲ್ಲ. ಅದನ್ನು ಅವಳಿಗೆ ತಿಳಿಸುವ ಮಾತು ಅವನ ಬಾಯಲ್ಲಿ ಎಲ್ಲಿಯೂ ಇರಲಿಲ್ಲ.

ಅವನು ಹೆಗಲ ಮೇಲಿನ ಟವೆಲ್ ಎಳೆದು ತನ್ನ ತೊಡೆಯ ಮೇಲೆ ಹಾಸಿದ. ಅದಕ್ಕೆ ಸಂತೆಯ ವಾಸನೆ ಇತ್ತು, ಚಹಾದ ಕಲೆ ಇತ್ತು. ಅವಳ ಕೈ ತೆಗೆದುಕೊಂಡು ಅದರ ಕೆಳಗೆ ಇಟ್ಟುಕೊಂಡ. ಮುಂದಿನ ಸೀಟಿನ ಮುದುಕಿ ತಿರುಗಿ ನೋಡಿ ಮುಖ ಆಚೆ ಮಾಡಿದಳು. ಅವನು ಅವಳ ಮೂರು ಬೆರಳು ಹಿಡಿದ. ಸರಿಯಾಗಿ ಮೂರನ್ನೇ.

ಅವಳು ಕೈ ಎಳೆದುಕೊಳ್ಳಲಿಲ್ಲ. ತನ್ನ ಬೆರಳುಗಳನ್ನು ಅವನ ಹಿಡಿತದಲ್ಲಿ ಬಿಟ್ಟು ಬಹಳ ಹೊತ್ತು ಕೂತಿದ್ದಳು. ಹೊರಗೆ ಕಡಲೆಯ ಹೊಲಗಳ ಮೇಲೆ ಬಿಸಿಲು ಇಳಿಯುತ್ತಿತ್ತು. ಆಮೇಲೆ ಮೆಲ್ಲಗೆ ಕೈ ತಿರುಗಿಸಿ, ಅವನ ಕೈಯನ್ನು ತಡಕಿ, ಸಹಿ ಮಾಡಿ ಕಳಿಸಿದ ಲೆಕ್ಕದಂತೆ, ಒಂದು ಬೆರಳು ಹಿಡಿದಳು. ಒಂದೇ. ಅವನು ಇನ್ನೊಂದನ್ನು ಅವಳ ಅಂಗೈಯೊಳಗೆ ಸರಿಸಲು ನೋಡಿದ. ಅವಳು ಅದನ್ನು ಮೃದುವಾಗಿ ಬದಿಗೆ ಇಟ್ಟಳು. ಹಿಡಿದ ಒಂದನ್ನು ಮಾತ್ರ ಬಿಡಲಿಲ್ಲ. ಜಾತ್ರೆಯಲ್ಲಿ ಲಕ್ಷ್ಮಿ ಅವನ ಬೆರಳು ಹಿಡಿಯುವ ಹಾಗೆ ಹಿಡಿದುಕೊಂಡೇ ಕೂತಳು.

ದರ ಗೊತ್ತಾದ ಮೇಲೆ ಟವೆಲ್ ತೆಗೆಯುವುದು ದಲಾಲಿಯ ಕೆಲಸ. ಶಿವಲಿಂಗ ತೆಗೆಯಲಿಲ್ಲ. "ತಿಕೋಟಾ ಇಳಿಯವ್ರು ಮುಂದ ಬರ್ರಿ," ಎಂದು ಕಂಡಕ್ಟರ್ ಕೂಗಿದ. ಸುಧಾರಾಣಿ ಎದ್ದಳು, ಅವಳ ಕೈ ಟವೆಲ್ಲಿನ ಕೆಳಗಿನಿಂದ ಜಾರಿ ಹೋಯಿತು. ಅವಳು ಮೆಟ್ಟಿಲ ತನಕ ಹೋಗಿ, ತಿರುಗಿ ನೋಡಿ, "ಏಳ್ರಿ, ಊರು ಬಂತು," ಎಂದಳು. ಅವನು ಕೂತೇ ಇದ್ದ. ಟವೆಲ್ಲಿನ ಕೆಳಗೆ ಅವನ ಒಂದು ಬೆರಳು, ಹಿಡಿದವರು ಹೋದ ಮೇಲೂ, ಮಡಚದೆ ಹಾಗೆಯೇ ಚಾಚಿಕೊಂಡಿತ್ತು.